ಆಬರ್ಲಿ ಹೆಸರಿನ ಚಿತ್ರ ಎಷ್ಟರಮಟ್ಟಿಗೆ ಆಬರ್ಲಿಯದು?

ಸರೋವರ, ದಂಡೆಯಲ್ಲಿ ಕೋಟೆ, ಹಿಂದೆ ಹಿಮದ ಶಿಖರ, ಕೆಳಗಿನ ಅಂಚಿನಲ್ಲಿ ಫ್ರೆಂಚ್ ಶೀರ್ಷಿಕೆ ಮತ್ತು ಸ್ವಿಸ್ ಚಿತ್ರಕಾರ ಆಬರ್ಲಿಯ ಹೆಸರು. ತುಸು ದೂರ ನಿಂತು ನೋಡಿದರೆ ಹಾಳೆ ಪೂರ್ತಿ ಜಲವರ್ಣವೇ. ಭೂತಗನ್ನಡಿ ಹಿಡಿದಾಗ ಮಾತ್ರ ಎಲೆಗಳ ಅಂಚಿನಲ್ಲಿ ಕೂದಲೆಳೆಯಂಥ ಬೂದುಗೆರೆ ಕಾಣುತ್ತದೆ. ಆ ಗೆರೆ ತಾಮ್ರದ ತಗಡಿನಿಂದ ಬಂದದ್ದು. ಮೇಲಿನ ಬಣ್ಣ ಕುಂಚದ್ದು. ಇದನ್ನು ಮೂಲಚಿತ್ರ ಎನ್ನಬೇಕೋ ಅಚ್ಚಿನ ಪ್ರತಿ ಎನ್ನಬೇಕೋ ಎಂಬ ತಕರಾರು ಅಲ್ಲಿಂದಲೇ ಶುರು.

ಯೋಹಾನ್ ಲುಡ್ವಿಗ್ ಆಬರ್ಲಿ ಹುಟ್ಟಿದ್ದು 1723ರಲ್ಲಿ, ಸ್ವಿಟ್ಜರ್ಲೆಂಡಿನ ವಿಂಟರ್‌ಥೂರ್‌ನಲ್ಲಿ. 1741ರಲ್ಲಿ ಬರ್ನ್ ನಗರಕ್ಕೆ ಬಂದು ಯೋಹಾನ್ ಗ್ರಿಮ್ ಬಳಿ ಕಲಿತ. ಗ್ರಿಮ್ ತೀರಿಕೊಂಡ ಮೇಲೆ ಅವನ ಚಿತ್ರಶಾಲೆಯನ್ನೂ ಇವನೇ ನಡೆಸಿದ. ಆಗ ಹೊಟ್ಟೆಗೆ ದಾರಿಯಾಗಿದ್ದು ಭಾವಚಿತ್ರ. 1759ರಲ್ಲಿ ಶಿಷ್ಯ ಆಡ್ರಿಯಾನ್ ಝಿಂಗ್ ಜತೆ ಪ್ಯಾರಿಸ್‌ಗೆ ಹೋದ. ಝಿಂಗ್ ಅಲ್ಲೇ ಉಳಿದ, ಆಬರ್ಲಿ ಬರ್ನ್‌ಗೆ ಮರಳಿ ನಿಸರ್ಗಚಿತ್ರಕ್ಕೆ ನಿಂತ.

ಕಾಲವೂ ಅದಕ್ಕೆ ಹದವಾಗಿತ್ತು. ಬರ್ನ್‌ನವನೇ ಆದ ಆಲ್‌ಬ್ರೆಕ್ಟ್ ಫಾನ್ ಹಾಲರ್ ಆಲ್ಪ್ಸ್ ಕುರಿತು ಬರೆದ ದೀರ್ಘ ಕಾವ್ಯ 1732ರಲ್ಲಿ ಅಚ್ಚಾಗಿತ್ತು. ಹಿಂದೆ ಜನ ಹೆದರಿ ದಾಟುತ್ತಿದ್ದ ಬೆಟ್ಟಗಳನ್ನು ನೋಡಲೆಂದೇ ಪ್ರವಾಸಿಗರು ಬರತೊಡಗಿದ್ದರು. ಅವರಿಗೆ ಹೊತ್ತೊಯ್ಯಲು ಏನಾದರೂ ಬೇಕಿತ್ತು. ತೈಲಚಿತ್ರ ದುಬಾರಿ, ಭಾರ. ಜಲವರ್ಣವನ್ನು ಪ್ರತಿಸಲವೂ ಮೊದಲಿನಿಂದ ಬರೆಯಬೇಕು. ತಗಡನ್ನು ಆಮ್ಲದಿಂದ ಕೊರೆದು ಅಚ್ಚೊತ್ತುವ ಕಪ್ಪುಬಿಳುಪಿನ ಎಚ್ಚಿಂಗ್ ಅಗ್ಗ, ಆದರೆ ಅದರಲ್ಲಿ ಸರೋವರದ ನೀಲಿ ಇಲ್ಲ. ಆಬರ್ಲಿ ಗೆರೆಯನ್ನು ತಗಡಿಗೂ ಬಣ್ಣವನ್ನು ಕುಂಚಕ್ಕೂ ಹಂಚಿದ.

ಕೆಲಸ ಹೀಗೆ ಸಾಗುತ್ತದೆ. ನಯ ಮಾಡಿದ ತಾಮ್ರದ ತಗಡನ್ನು ಬಿಸಿ ಮಾಡಿ ಮೇಣ, ರಾಳ, ಅಸ್ಫಾಲ್ಟ್ ಬೆರೆಸಿದ ತೆಳು ಪದರ ಹಚ್ಚಬೇಕು. ಮೇಣಬತ್ತಿಯ ಹೊಗೆಯಲ್ಲಿ ಅದನ್ನು ಕಪ್ಪಗೆ ಮಾಡಿದರೆ ಸೂಜಿ ಗೀರಿದಲ್ಲಿ ತಾಮ್ರ ಹೊಳೆದು ಕಾಣುತ್ತದೆ. ಅಚ್ಚಿನಲ್ಲಿ ಎಡಬಲ ತಿರುಗುವುದರಿಂದ ಚಿತ್ರವನ್ನು ಕನ್ನಡಿಯೊಳಗಿನಂತೆ ಗೀರಬೇಕು. ನಂತರ ನೀರು ಬೆರೆಸಿದ ನೈಟ್ರಿಕ್ ಆಮ್ಲ, ಗೀರಿದಲ್ಲಿ ತಾಮ್ರವನ್ನು ಕೊರೆಯುವುದು ಅದೇ. ಗೆರೆಯ ಮೇಲೆ ಏಳುವ ಗುಳ್ಳೆಗಳನ್ನು ಹಕ್ಕಿಯ ಗರಿಯಿಂದ ಸವರುತ್ತಿರಬೇಕು. ಗುಳ್ಳೆ ಕೂತಲ್ಲಿ ಆಮ್ಲ ಕಚ್ಚದೆ ಗೆರೆ ತುಂಡಾಗುತ್ತದೆ. ಪದರ ತೀರಾ ತೆಳುವಾಗಿದ್ದರೆ ಆಮ್ಲ ಒಳಗಿಳಿದು ಆಕಾಶದ ತುಂಬ ಚುಕ್ಕೆ ಬೀಳುತ್ತದೆ. ದೂರದ ಬೆಟ್ಟದ ಗೆರೆಗಳಿಗೆ ಬೇಗ ವಾರ್ನಿಷ್ ಬಳಿದು ಕೊರೆತ ನಿಲ್ಲಿಸಬೇಕು, ಎದುರಿನ ಮರಕ್ಕೆ ತುಸು ಹೆಚ್ಚು ಹೊತ್ತು ಕೊಡಬೇಕು.

ಆಬರ್ಲಿಯ ಜಾಣತನ ಇರುವುದು ಸಂಯಮದಲ್ಲಿ. ಸಾಮಾನ್ಯ ಎಚ್ಚಿಂಗ್‌ನಲ್ಲಿ ನೆರಳನ್ನೂ ಅಡ್ಡಗೆರೆಗಳಿಂದಲೇ ತುಂಬುತ್ತಾರೆ. ಇವನು ಹೊರಗೆರೆಯಷ್ಟನ್ನೇ ಕೊರೆದು ನೆರಳನ್ನು ಬೂದು ಮಸಿಯ ತೆಳು ಲೇಪಕ್ಕೆ ಬಿಟ್ಟ. ಗೆರೆ ಆಳವಾದರೆ ಇಡೀ ಚಿತ್ರ ಜಲವರ್ಣದಂತೆ ಕಾಣದೆ ಬಣ್ಣ ತುಂಬಿದ ಅಚ್ಚಿನಂತಾಗುತ್ತದೆ. ಅಚ್ಚೊತ್ತಲು ಗಾಢ ಕಪ್ಪು ಬಿಟ್ಟು ಮಾಸಲು ಬಣ್ಣ ಬಳಸಿದ್ದೂ ಅದಕ್ಕೇ. ಅಚ್ಚಿನ ಮಸಿ ಎಣ್ಣೆಯದು, ಒಣಗಿದ ಮೇಲೆ ನೀರಿಗೆ ಕದಡುವುದಿಲ್ಲ, ಹಾಗಾಗಿ ಮೇಲೆ ಧೈರ್ಯವಾಗಿ ಕುಂಚ ಆಡಿಸಬಹುದು.

ತೊಡಕು ಕಾಗದದ್ದು. ತಗಡಿನ ಸಣ್ಣ ಗೆರೆಯಿಂದ ಮಸಿ ಎತ್ತಲು ಮೆತ್ತಗಿನ ಒದ್ದೆ ಕಾಗದ ಬೇಕು. ಜಲವರ್ಣಕ್ಕೆ ಅಂಟು ಹಾಕಿದ ಗಟ್ಟಿ ಕಾಗದ ಬೇಕು. ಅಂಟು ಕಡಿಮೆಯಾದರೆ ಬಣ್ಣ ಒಳಗಿಳಿದು ಕಲೆಯಾಗುತ್ತದೆ, ಜಾಸ್ತಿಯಾದರೆ ಗೆರೆ ಅರ್ಧಂಬರ್ಧ ಬೀಳುತ್ತದೆ.

1766ರಲ್ಲಿ ಬರ್ನ್ ಸರ್ಕಾರ ಈ ವಿಧಾನಕ್ಕೆ ರಕ್ಷಣೆಯ ಹಕ್ಕುಪತ್ರ ಕೊಟ್ಟಿತು. ಸ್ಟೌಬಾಖ್ ಜಲಪಾತ, ವಿಮ್ಮಿಸ್ ಕೋಟೆ, ಬೀಲ್ ಸರೋವರದ ದಂಡೆಯ ಎರ್ಲಾಖ್ ಈ ಸಾಲಿನ ಪ್ರಸಿದ್ಧ ನೋಟಗಳು. ಬೇಡಿಕೆ ಏರಿದಂತೆ ಬಣ್ಣದ ಕೆಲಸ ಸಹಾಯಕರ ಕೈಗೂ ಹೋಯಿತು. ಗೊಂದಲದ ಬೇರು ಇಲ್ಲಿದೆ. ಆ ಕಾಲದ ಅಚ್ಚಿನ ಅಂಚಿನಲ್ಲಿ ಚಿತ್ರ ಬರೆದವನಿಗೂ ತಗಡು ಕೊರೆದವನಿಗೂ ಜಾಗವಿತ್ತು, ಬಣ್ಣ ತುಂಬಿದವನಿಗೆ ಸಾಮಾನ್ಯವಾಗಿ ಇರಲಿಲ್ಲ. ಒಂದೇ ತಗಡಿನ ಎರಡು ಪ್ರತಿಗಳಲ್ಲಿ ಒಂದರದ್ದು ಬೆಳಗಿನ ಆಕಾಶ, ಇನ್ನೊಂದರದ್ದು ಮೋಡ ಕವಿದದ್ದು ಆಗಿರಬಹುದು. 1786ರಲ್ಲಿ ಆಬರ್ಲಿ ತೀರಿಕೊಂಡ ಮೇಲೆ ಶಿಷ್ಯ ಹೈನ್‌ರಿಖ್ ರೀಟರ್ ಕೆಲಸ ಮುಂದುವರಿಸಿದ. ಮುಂದೆ ಅಕ್ವಾಟಿಂಟ್ ಎಂಬ ಅಚ್ಚಿನ ವಿಧಾನ ಬಂದು ನೆರಳನ್ನೂ ತಗಡಿನಿಂದಲೇ ಮೂಡಿಸಿತು. 19ನೇ ಶತಮಾನದ ಕಲ್ಲಚ್ಚು, ಛಾಯಾಚಿತ್ರಗಳ ಮುಂದೆ ಈ ಕೈಕೆಲಸ ನಿಲ್ಲಲಿಲ್ಲ.

ಆದ್ದರಿಂದ ಇಂಥ ಹಾಳೆ ಕೈಗೆ ಬಂದಾಗ ಹೆಸರಿಗಿಂತ ಬಣ್ಣವನ್ನು ಹೆಚ್ಚು ಹೊತ್ತು ನೋಡಬೇಕು. ಬಣ್ಣ ಗೆರೆಯನ್ನು ಮುಚ್ಚುವಷ್ಟು ದಪ್ಪವಿದ್ದರೆ, ಹಸಿರೆಲ್ಲ ಒಂದೇ ಹದದಲ್ಲಿದ್ದರೆ, ಬಹಳ ಕಾಲದ ನಂತರ ಯಾರೋ ಹಚ್ಚಿದ್ದಿರಬಹುದು. ಮಾಸಿದ್ದನ್ನೆಲ್ಲ ಕಳಪೆ ಎನ್ನಲೂ ಆಗದು: ಇಂಡಿಗೊ ನೀಲಿ, ಕಾರ್ಮೈನ್‌ನಂಥ ಕೆಂಪು ಬಣ್ಣಗಳು ಬೆಳಕಿಗೆ ಸೋಲುತ್ತವೆ, ನೀಲಿ ಹಳದಿ ಬೆರೆಸಿದ ಹಸಿರಿನಲ್ಲಿ ನೀಲಿ ಮೊದಲು ಹೋದರೆ ಹುಲ್ಲುಗಾವಲು ಒಣಗಿದಂತೆ ಕಾಣುತ್ತದೆ. ಚೌಕಟ್ಟು ಬಿಚ್ಚಿ, ಅಂಚಿನ ರಟ್ಟು ಎತ್ತಿ ನೋಡಿ. ಬೆಳಕು ತಾಗದೆ ಉಳಿದ ಆ ಬೆರಳಗಲದ ಪಟ್ಟಿಯಲ್ಲಿ ಆಕಾಶದ ಮೊದಲ ನೀಲಿ ಇನ್ನೂ ಇರುತ್ತದೆ.