ಸುಜುಕಿ ಸಿನಿಮಾ ತಲೆಬುಡ ಅರ್ಥವಾಗದಿದ್ದರೆ

ಪ್ರಶ್ನೆ: ಜಪಾನಿನ ನಿರ್ದೇಶಕ ಸೇಜುನ್ ಸುಜುಕಿಯವರ ‘ಬ್ರ್ಯಾಂಡೆಡ್ ಟು ಕಿಲ್’ ನೋಡಿದೆ, ತಲೆಬುಡ ತಿಳಿಯಲಿಲ್ಲ. ಈ ಚಿತ್ರ ಮಾಡಿದ್ದಕ್ಕೇ ಅವರನ್ನು ಕೆಲಸದಿಂದ ತೆಗೆದರಂತೆ. ನಿಜವೇ?

ಉತ್ತರ: ನಿಜ. ಚಿತ್ರ ತೆರೆಗೆ ಬಂದದ್ದು 1967ರ ಜೂನ್‌ನಲ್ಲಿ. ಮರುವರ್ಷ ಏಪ್ರಿಲ್‌ನಲ್ಲಿ ನಿಕ್ಕತ್ಸು ಎಂಬ ಸಿನಿಮಾ ಕಂಪನಿ ಅವರನ್ನು ಮನೆಗೆ ಕಳಿಸಿತು. ಅರ್ಥವೂ ಆಗದ, ದುಡ್ಡೂ ತರದ ಚಿತ್ರ ಮಾಡುತ್ತಾರೆ ಎಂಬುದು ಅಧ್ಯಕ್ಷ ಕ್ಯುಸಾಕು ಹೋರಿಯವರ ದೂರು. ಆದರೆ ಜಗಳ ಈ ಒಂದು ಚಿತ್ರದಿಂದ ಹುಟ್ಟಿದ್ದಲ್ಲ.

1956ರಿಂದ ಅಲ್ಲಿಯವರೆಗೆ ಸುಜುಕಿ ನಿಕ್ಕತ್ಸುವಿಗೆ 40 ಚಿತ್ರ ಮಾಡಿಕೊಟ್ಟಿದ್ದರು. ಹೆಚ್ಚಿನವು, ಒಂದೇ ಟಿಕೆಟ್ಟಿಗೆ ಎರಡು ಸಿನಿಮಾ ತೋರಿಸುವಾಗ ದೊಡ್ಡ ಚಿತ್ರದ ಬಾಲಕ್ಕೆ ಕಟ್ಟುವಂಥವು. ಕತೆ ಕಂಪನಿ ಕೊಟ್ಟದ್ದು. ಚಿತ್ರೀಕರಣಕ್ಕೆ ಸುಮಾರು 25 ದಿನ, ಆಮೇಲಿನ ಕೆಲಸಕ್ಕೆ ಮೂರೇ ದಿನ. ಅದೇ ರೌಡಿ, ಅದೇ ಸೇಡು. ಕತೆಯಲ್ಲಿ ಹೊಸತೇನೂ ಇಲ್ಲವೆಂದ ಮೇಲೆ ಅವರು ಬಣ್ಣಕ್ಕೆ, ಸೆಟ್ಟಿಗೆ, ಸಂಕಲನಕ್ಕೆ ಕೈಹಾಕಿದರು. ‘ಯೂತ್ ಆಫ್ ದಿ ಬೀಸ್ಟ್’ (1963) ಕಪ್ಪುಬಿಳುಪಿನಲ್ಲಿ ಶುರುವಾಗುತ್ತದೆ. ಆ ಚೌಕಟ್ಟಿನಲ್ಲಿ ಹೂವೊಂದು ಮಾತ್ರ ಕೆಂಪು. ‘ಟ್ಯಾಟೂಡ್ ಲೈಫ್’ (1965) ಕೊನೆಯ ಹೊಡೆದಾಟದಲ್ಲಿ ನೆಲವೇ ಗಾಜಾಗುತ್ತದೆ, ಕ್ಯಾಮೆರಾ ಕೆಳಗಿನಿಂದ ನೋಡುತ್ತದೆ. ‘ಟೋಕಿಯೋ ಡ್ರಿಫ್ಟರ್’ (1966) ಹೊತ್ತಿಗೆ ಕಲಾ ನಿರ್ದೇಶಕ ತಾಕೆಯೋ ಕಿಮುರಾ ಅವರೊಡನೆ ಸೇರಿ ನೈಟ್‌ಕ್ಲಬ್ಬನ್ನು ರಂಗಮಂಚವನ್ನೇ ಮಾಡಿಬಿಟ್ಟಿದ್ದರು. ಅದಾದ ಮೇಲಿನ ಎರಡು ಚಿತ್ರಕ್ಕೆ ಕಂಪನಿ ಬಣ್ಣವನ್ನೇ ಕೊಡಲಿಲ್ಲ.

ಅವುಗಳಲ್ಲಿ ಎರಡನೆಯದೇ ನೀವು ನೋಡಿದ್ದು. ಅದರ ಸಂಕಲನ ಮುಗಿದದ್ದು ಒಂದೇ ದಿನದಲ್ಲಿ. ಅದು ಸಾಧ್ಯವಾದದ್ದು, ಬೇಕಾದಷ್ಟನ್ನೇ ಚಿತ್ರೀಕರಿಸುವುದು ಸುಜುಕಿಯವರ ರೂಢಿಯಾಗಿತ್ತು ಎಂಬ ಕಾರಣಕ್ಕೆ. ಆಸಾಮಿ ಒಂದು ಕಡೆಯಿಂದ ಇನ್ನೊಂದು ಕಡೆಗೆ ಹೇಗೆ ಬಂದ ಎಂದು ತೋರಿಸುವ ಶಾಟ್‌ಗಳನ್ನು ಅವರು ತೆಗೆಯುತ್ತಲೇ ಇರಲಿಲ್ಲ. ನೀವು ಎಡವಿದ್ದು ಅಲ್ಲೇ. ಯಾರು ಯಾರನ್ನು ಕೊಲ್ಲಿಸುತ್ತಿದ್ದಾರೆ ಎಂದು ಲೆಕ್ಕ ಹಾಕುತ್ತ ಕುಳಿತರೆ, ಬಂದೂಕಿನ ದುರ್ಬೀನಿನ ಮೇಲೆ ಚಿಟ್ಟೆ ಕೂತು ಗುರಿ ತಪ್ಪುವುದು, ಸಿಂಕಿನ ಕೊಳವೆಯೊಳಗಿಂದ ಗುಂಡು ಹಾರುವುದು ಎಲ್ಲ ಕೈಜಾರುತ್ತದೆ. ಅನ್ನದ ಪರಿಮಳಕ್ಕೆ ಮರುಳಾಗುವ ಬಾಡಿಗೆ ಕೊಲೆಗಾರನನ್ನು ಇನ್ನೆಲ್ಲಿ ನೋಡುತ್ತೀರಿ!

ಸುಜುಕಿ ಸುಮ್ಮನಿರಲಿಲ್ಲ, ಕೋರ್ಟಿಗೆ ಹೋದರು. 1971ರ ಡಿಸೆಂಬರ್‌ನಲ್ಲಿ ರಾಜಿ, 10 ಲಕ್ಷ ಯೆನ್ ಪರಿಹಾರ. ಆದರೆ ದೊಡ್ಡ ಕಂಪನಿಗಳೆಲ್ಲ ಬಾಗಿಲು ಹಾಕಿಕೊಂಡವು. ಮತ್ತೆ ಸಿನಿಮಾ ಮಾಡಿದ್ದು 1977ರಲ್ಲಿ.

ನನ್ನ ಸಲಹೆ: ಮೊದಲು ‘ಯೂತ್ ಆಫ್ ದಿ ಬೀಸ್ಟ್’ ನೋಡಿ, ಅದರಲ್ಲಿ ಕತೆಯ ಎಳೆ ಸಿಗುತ್ತದೆ. ಆಮೇಲೆ ‘ಟೋಕಿಯೋ ಡ್ರಿಫ್ಟರ್’, ಬಳಿಕ ಮತ್ತೊಮ್ಮೆ ‘ಬ್ರ್ಯಾಂಡೆಡ್ ಟು ಕಿಲ್’. 1980ರ ‘ಝಿಗೋಯ್ನರ್‌ವೈಸನ್’ ಕೊನೆಗಿರಲಿ. ಅದನ್ನು ನಿರ್ಮಾಪಕ ಗೆಂಜಿರೋ ಅರಾತೋ ಗಾಳಿ ತುಂಬಿದ ಗುಮ್ಮಟದಂಥ ಡೇರೆಯಲ್ಲಿ ತೋರಿಸಿದರು. ‘ಕಿನೆಮಾ ಜುಂಪೋ’ ಪತ್ರಿಕೆಯ ಆ ವರ್ಷದ ಪಟ್ಟಿಯಲ್ಲಿ ಮೊದಲ ಸ್ಥಾನ ಅದಕ್ಕೇ.