ಚಳಿ ಬೀಳದೆ ತೆನೆ ಬಿಡದ ಗೋಧಿ

ಮೊದಲು ಒಂದು ಗೊಂದಲ ಬಗೆಹರಿಸಿಬಿಡೋಣ. ವಿಜಯಪುರ, ಧಾರವಾಡದ ಕಡೆ ಹಿಂಗಾರಿಗೆ ಬಿತ್ತುವ ಗೋಧಿ ಚಳಿಗಾಲದಲ್ಲೇ ಬೆಳೆಯುತ್ತದೆ, ನಿಜ. ಆದರೆ ಅದು ಚಳಿಗಾಲದ ಗೋಧಿ ಅಲ್ಲ. ಸಸ್ಯವಿಜ್ಞಾನದ ಲೆಕ್ಕದಲ್ಲಿ ನಮ್ಮವು ವಸಂತದ ಗೋಧಿಗಳು, ಅಂದರೆ ತೆನೆ ಬಿಡಲು ವಾರಗಟ್ಟಲೆ ಕೊರೆಯುವ ಚಳಿ ಬೇಕು ಅನ್ನದವು. ನಿಜವಾದ ಚಳಿಗಾಲದ ಗೋಧಿಯನ್ನು ತಂದು ನಮ್ಮ ಹೊಲದಲ್ಲಿ ಬಿತ್ತಿದರೆ ಹುಲ್ಲು ಸಿಗುತ್ತದೆ, ತೆನೆ ಸಿಗುವುದಿಲ್ಲ. ಯಾಕೆ ಅಂತ ಹೇಳಬೇಕಾದರೆ ಅಮೆರಿಕದ ಕಾನ್ಸಾಸ್‌ಗೆ ಹೋಗಬೇಕು, ಅದೂ 1874ಕ್ಕೆ.

ಆ ವರ್ಷ ಜರ್ಮನ್ ಮಾತಾಡುವ ಜನ ಊರಿಗೆ ಊರೇ ಎದ್ದು ರಷ್ಯಾದಿಂದ ಅಲ್ಲಿಗೆ ಬಂದರು. ರಷ್ಯಾದಲ್ಲಿ ಇವರಿಗೇನು ಕೆಲಸ? 1763ರಲ್ಲಿ ರಾಣಿ ಎರಡನೇ ಕ್ಯಾಥರೀನ್ ಹೊರದೇಶದವರನ್ನು ಕರೆದು ಜಮೀನು ಕೊಟ್ಟಿದ್ದಳು. ಒಂದಷ್ಟು ಜರ್ಮನ್ನರು ವೋಲ್ಗಾ ನದಿಯ ದಂಡೆ ಸೇರಿದರು. ಆಮೇಲೆ ಮೆನೊನೈಟ್ ಪಂಗಡದವರು ಈಗಿನ ದಕ್ಷಿಣ ಉಕ್ರೇನಿನ ಬಯಲಿಗೆ ಬಂದರು. ಇವರು ಆಯುಧ ಮುಟ್ಟದ ಕ್ರೈಸ್ತರು. ಸೈನ್ಯಕ್ಕೆ ಸೇರಬೇಕಾಗಿಲ್ಲ ಅಂತ ಮಾತು ಕೊಟ್ಟೇ ಇವರನ್ನು ಉಳಿಸಿಕೊಂಡಿದ್ದು. 1871ರಲ್ಲಿ ಸವಲತ್ತುಗಳು ಹೋದವು, 1874ರಲ್ಲಿ ಕಡ್ಡಾಯ ಸೇನಾ ಸೇವೆಯ ಕಾನೂನು ಬಂತು. ಗಂಟುಮೂಟೆ ಕಟ್ಟಿದರು.

ಅತ್ತ ಕಾನ್ಸಾಸ್‌ನಲ್ಲಿ ಸಾಂಟಾ ಫೆ ರೈಲ್ವೆ ಕಂಪನಿಯ ಕೈಯಲ್ಲಿ ಸರ್ಕಾರ ಕೊಟ್ಟ ಸುಮಾರು 30 ಲಕ್ಷ ಎಕರೆ ಇತ್ತು. ಜನ ಬಂದು ಬೆಳೆ ತೆಗೆದರೆ ತಾನೇ ರೈಲಿಗೆ ಸರಕು? ಕಂಪನಿಯ ಏಜೆಂಟ್ ಸಿ. ಬಿ. ಶ್ಮಿಟ್ ತಾನೇ ಜರ್ಮನಿಯವನು, ಇವರನ್ನು ಕರೆತರಲು ಓಡಾಡಿದ. ರಾಜ್ಯ ಸರ್ಕಾರವೂ ಅದೇ ವರ್ಷ ಇವರಿಗೆ ಸೈನಿಕ ಸೇವೆಯಿಂದ ವಿನಾಯಿತಿ ಕೊಟ್ಟಿತು. ಜಾಗ ಖಾಲಿ ಬಿದ್ದಿತ್ತು ಅಂತ ಬರೆಯುವುದು ರೂಢಿ. ಆದರೆ ಆ ರಾಜ್ಯಕ್ಕೆ ಯಾರಿಂದ ಹೆಸರು ಬಂತೋ ಆ ಕಾ (ಅಥವಾ ಕಾನ್ಸಾ) ಬುಡಕಟ್ಟಿನವರನ್ನು ಹಿಂದಿನ ವರ್ಷವಷ್ಟೇ ಅಲ್ಲಿಂದ ಎಬ್ಬಿಸಿ ಈಗಿನ ಒಕ್ಲಹೋಮಕ್ಕೆ ಸಾಗಿಸಿದ್ದರು.

ಬಂದವರು ನಡುವೆ ಬೀದಿ, ಎರಡೂ ಕಡೆ ಮನೆ ಇರುವ ಹಳ್ಳಿ ಕಟ್ಟಿದರು. ಗ್ನಾಡೆನೌ ಅಂಥದ್ದೊಂದು. ಸೌದೆ ಸಿಗದ ಬಯಲು, ಹಾಗಾಗಿ ಮನೆಯ ನಡುವೆ ಒಣಹುಲ್ಲು, ಬೆರಣಿ ಉರಿಸುವ ದೊಡ್ಡ ಇಟ್ಟಿಗೆ ಒಲೆ. ಒಕ್ಕಣೆಗೆ ಹಲ್ಲುಹಲ್ಲಾಗಿ ಕಡೆದ ಸುಣ್ಣದಕಲ್ಲಿನ ರೋಣಗಲ್ಲು. ಅದನ್ನು ಕುದುರೆಗೆ ಕಟ್ಟಿ ಕಣದಲ್ಲಿ ಸುತ್ತಿಸುತ್ತಿದ್ದರು. ಜೊತೆಗೆ ತಂದ ಚಳಿಗಾಲದ ಗೋಧಿಯ ಹೆಸರು ಟರ್ಕಿ ರೆಡ್: ಗಟ್ಟಿ ಕಾಳು, ಕೆಂಪು ಬಣ್ಣ.

ಇಲ್ಲಿ ಎಲ್ಲರೂ ಹೇಳುವ ಕಥೆ ಒಂದಿದೆ. ಅನ್ನಾ ಎಂಬ ಎಂಟು ವರ್ಷದ ಹುಡುಗಿ ಹೊರಡುವ ಮುಂಚೆ ಒಳ್ಳೆಯ ಕಾಳುಗಳನ್ನೇ ಒಂದೊಂದಾಗಿ ಆರಿಸಿದಳಂತೆ, ಒಟ್ಟು ಎರಡೂವರೆ ಲಕ್ಷ ಕಾಳು, ಅದರಿಂದಲೇ ಕಾನ್ಸಾಸ್ ಗೋಧಿಯ ಕಣಜವಾಯಿತಂತೆ. ಕೇಳೋಕೆ ಚೆಂದ. ಲೆಕ್ಕ ಹಾಕಿ ನೋಡಿ. ಸಾವಿರ ಗೋಧಿ ಕಾಳಿನ ತೂಕ ಸುಮಾರು 30 ಗ್ರಾಂ. ಎರಡೂವರೆ ಲಕ್ಷ ಕಾಳು ಅಂದರೆ ಏಳೂವರೆ ಕಿಲೋ. ಎಕರೆಗೆ 25 ಕಿಲೋ ಬಿತ್ತನೆ ಅಂದುಕೊಂಡರೆ ಬರೀ 12 ಗುಂಟೆಗೆ ಸಾಕಾಗುವ ಬೀಜ. ಹಾಗಂತ ಕಥೆ ಸುಳ್ಳು ಅಂತ ಎದ್ದು ಹೋಗಬೇಡಿ. ಒಂದಕ್ಕೆ ಹತ್ತು ಬಂದರೂ, ಒಂದು ಕಾಳೂ ತಿನ್ನದೆ ಬಿತ್ತುತ್ತಾ ಹೋದರೆ, ಮೂರೇ ಸುಗ್ಗಿಗೆ ಏಳೂವರೆ ಟನ್, 300 ಎಕರೆಗೆ ಸಾಕು. ಅಸಾಧ್ಯವೇನಲ್ಲ. ಆದರೆ ನಡೆದದ್ದು ಬರೀ ಅದಲ್ಲ. ಕಾನ್ಸಾಸ್‌ನಲ್ಲಿ ಬೇರೆ ರೈತರು, ಮೆತ್ತನೆ ಕಾಳಿನದಾದರೂ ಸರಿ, ಚಳಿಗಾಲದ ಗೋಧಿಯನ್ನು ಆಗಲೇ ಬೆಳೆಯುತ್ತಿದ್ದರು. ಹಾಲ್‌ಸ್ಟೆಡ್‌ನಲ್ಲಿ ಹಿಟ್ಟಿನ ಗಿರಣಿ ಹಾಕಿದ ಬರ್ನ್‌ಹಾರ್ಡ್ ವಾರ್ಕೆಂಟಿನ್ 1880ರ ದಶಕದಲ್ಲಿ ಕ್ರಿಮಿಯಾದಿಂದ ಮತ್ತಷ್ಟು ಬೀಜ ತರಿಸಿದ. ಮೊದಮೊದಲು ಗಿರಣಿಯವರು ಈ ಗಟ್ಟಿ ಕಾಳಿಗೆ ರೇಟು ಕಡಿಮೆ ಕೊಡುತ್ತಿದ್ದರು, ಬೀಸುವ ಕಲ್ಲಿಗೆ ಅದು ಸರಿಯಾಗಿ ಬಗ್ಗುತ್ತಿರಲಿಲ್ಲ. ಉಕ್ಕಿನ ರೋಲರ್ ಬಂದ ಮೇಲೇ ಅದಕ್ಕೆ ಬೆಲೆ ಬಂದದ್ದು.

ನನಗೆ ಅಚ್ಚರಿ ಹುಟ್ಟಿಸುವುದು ಹುಡುಗಿಯ ತಾಳ್ಮೆಗಿಂತ ಕಾಳಿನ ಒಳಗಿದ್ದ ಪಂಚಾಂಗ. 1874ರ ಬೇಸಿಗೆ ಮುಗಿಯುವ ಹೊತ್ತಿಗೆ ಕಾನ್ಸಾಸ್ ಮೇಲೆ ಮಿಡತೆ ದಂಡು ಇಳಿದು ಮೆಕ್ಕೆಜೋಳವನ್ನು ಬುಡಸಮೇತ ತಿಂದುಹಾಕಿತು. ಅಲ್ಲಿನ ರೈತರ ಚಳಿಗಾಲದ ಗೋಧಿ ಅಷ್ಟರಲ್ಲಿ ಕೊಯ್ಲಾಗಿತ್ತು. ಸೆಪ್ಟೆಂಬರ್‌ನಲ್ಲಿ ಬಿತ್ತು, ಹಿಮದಡಿ ಮಲಗು, ಜೂನ್ ಕೊನೆಗೆ ಹಣ್ಣಾಗು. ಬಿಸಿಗಾಳಿ, ಬರ, ಮಿಡತೆ ಬರುವ ಮುಂಚೆಯೇ ಕಾಳು ಮನೆಯಲ್ಲಿ. ಉಕ್ರೇನಿನ ಬಯಲಲ್ಲೂ ಕೊರೆಯುವ ಚಳಿ, ಒಣ ಬೇಸಿಗೆ. ಅಲ್ಲಿ ಪಳಗಿದ ಬೀಜ ಇಲ್ಲಿ ಹೊಂದಿಕೊಂಡಿತು. ಅದೇ ಕಾಲದಲ್ಲಿ ನೆಬ್ರಾಸ್ಕ ವಿಶ್ವವಿದ್ಯಾಲಯದ ಸ್ಯಾಮ್ಯುಯೆಲ್ ಆಘೀ ಎಂಬ ಪ್ರೊಫೆಸರು, ನೆಲ ಉತ್ತರೆ ಮಳೆ ಹೆಚ್ಚುತ್ತದೆ ಅಂತ ಸಾರುತ್ತಿದ್ದರು. ಕೆಲವು ವರ್ಷ ಮಳೆ ಚೆನ್ನಾಗಿ ಆಯಿತು, ಜನ ನಂಬಿದರು. 1890ರ ದಶಕದ ಬರ ಬಂತು, ಜನ ಗುಳೆ ಹೋದರು. ಕಾಕತಾಳೀಯಕ್ಕೆ ವಿಜ್ಞಾನದ ಅಂಗಿ ತೊಡಿಸುವವರು ಎಲ್ಲ ಕಾಲದಲ್ಲೂ ಇರುತ್ತಾರೆ, ಅಲ್ವಾ?

ಈಗ ಪೈರಿನೊಳಗೆ ಇಳಿಯೋಣ. ಹಿಮ ಬೀಳುವಾಗ ಅದು ಗೇಣುದ್ದವೂ ಇರುವುದಿಲ್ಲ. ಮುಂದೆ ತೆನೆಯಾಗಬೇಕಾದ ತುದಿ ಇನ್ನೂ ಮಣ್ಣಿನ ಒಳಗೇ ಇರುತ್ತದೆ. ಮೇಲಿನ ಎಲೆ ಸುಟ್ಟುಹೋದರೂ ತುದಿ ಜೀವಂತ. ಕಾನ್ಸಾಸ್ ರೈತರು ಈಗಲೂ ಚಳಿಗಾಲದಲ್ಲಿ ಗೋಧಿ ಹೊಲಕ್ಕೆ ದನ ಬಿಟ್ಟು ಮೇಯಿಸುತ್ತಾರೆ. ಕಾಂಡ ಮೇಲೇಳುವ ಮುಂಚೆ ದನ ಹೊಡೆದುಕೊಂಡು ಬಂದರೆ ಬೆಳೆ ಉಳಿಯುತ್ತದೆ.

ತುದಿ ಯಾಕೆ ಅವಸರ ಮಾಡುವುದಿಲ್ಲ? ಅಕ್ಟೋಬರ್‌ನ ಹಿತವಾದ ಬಿಸಿಲಿಗೆ ಮರುಳಾಗಿ ತೆನೆ ಬಿಟ್ಟರೆ ಡಿಸೆಂಬರ್‌ಗೆ ಸತ್ತಂತೆ. ಬ್ಯಾಂಕಿನ ಲಾಕರ್‌ಗೆ ಎರಡು ಕೀ ಬೇಕಲ್ಲ, ಒಂದು ನಮ್ಮದು, ಇನ್ನೊಂದು ಬ್ಯಾಂಕಿನವರದು. ಇದಕ್ಕೂ ಎರಡು ಕೀ: ಚಳಿ ಒಂದು, ಉದ್ದನೆಯ ಹಗಲು ಇನ್ನೊಂದು. ವಿಆರ್‌ಎನ್-2 ಎಂಬ ಜೀನ್ ಹೂ ಬಿಡಿಸುವ ವಿಆರ್‌ಎನ್-3 ಅನ್ನು ತಡೆದು ಕೂತಿರುತ್ತದೆ. ವಾರಗಟ್ಟಲೆ ಚಳಿ ತಾಗಿದಾಗ ವಿಆರ್‌ಎನ್-1 ನಿಧಾನಕ್ಕೆ ಚುರುಕಾಗಿ ವಿಆರ್‌ಎನ್-2ರ ಬಾಯಿ ಮುಚ್ಚಿಸುತ್ತದೆ. ಎರಡು ದಿನದ ಚಳಿಗೆ ಗೋಧಿ ಮೋಸ ಹೋಗುವುದಿಲ್ಲ, ಆರೆಂಟು ವಾರ ಬೇಕು. ವಸಂತದಲ್ಲಿ ಹಗಲು ಉದ್ದವಾದಾಗ ಎಲೆಯಲ್ಲಿ ತಯಾರಾದ ವಿಆರ್‌ಎನ್-3ರ ಪ್ರೋಟೀನು ತುದಿಗೆ ಇಳಿದು ಹೂವಿನ ಕೆಲಸ ಶುರು ಮಾಡಿಸುತ್ತದೆ. ತಮಾಷೆ ಅಂದರೆ, ಚಳಿ ಹೋದ ಮೇಲೂ ವಿಆರ್‌ಎನ್-1 ಚಾಲೂ ಇರುತ್ತದೆ. ಗಿಡಕ್ಕೆ ಚಳಿಯ ನೆನಪಿರುತ್ತದೆ! ಡಿಎನ್‌ಎಯ ಅಕ್ಷರ ಬದಲಾಗಿರುವುದಿಲ್ಲ, ಅದನ್ನು ಸುತ್ತಿಟ್ಟ ಪ್ರೋಟೀನುಗಳ ಮೇಲೆ ಗುರುತು ಬಿದ್ದಿರುತ್ತದೆ ಅಷ್ಟೆ. ಹೊಸ ಕಾಳಿನಲ್ಲಿ ಆ ಗುರುತು ಅಳಿಸಿಹೋಗುತ್ತದೆ. ಪ್ರತಿ ತಲೆಮಾರೂ ತನ್ನ ಚಳಿಯನ್ನು ತಾನೇ ಅನುಭವಿಸಬೇಕು.

ಈ ಕೊನೆಯ ಮಾತನ್ನು ಒಪ್ಪದವನು ಸೋವಿಯತ್ ಒಕ್ಕೂಟದ ಕೃಷಿ ತಜ್ಞ ಟ್ರೊಫಿಮ್ ಲೈಸೆಂಕೊ. ಮೊಳಕೆ ಬರಿಸಿದ ಬೀಜವನ್ನು ಚಳಿಯಲ್ಲಿಟ್ಟರೆ ವಸಂತದಲ್ಲಿ ಬಿತ್ತಿದರೂ ತೆನೆ ಬರುತ್ತದೆ. ಇದು ಹೊಸದೇನಲ್ಲ, ಅಮೆರಿಕದ ಒಹಾಯೊದಲ್ಲಿ ಜಾನ್ ಕ್ಲಿಪಾರ್ಟ್ 1857ರಲ್ಲೇ ಬರೆದಿದ್ದ, ಜರ್ಮನಿಯ ಗುಸ್ಟಾವ್ ಗಾಸ್ನರ್ 1918ರಲ್ಲಿ ಪ್ರಯೋಗ ಮಾಡಿ ತೋರಿಸಿದ್ದ. ಆದರೆ ಆ ಗುಣ ಮಕ್ಕಳಿಗೂ ಇಳಿಯುತ್ತದೆ ಅಂತ ಲೈಸೆಂಕೊ ಹಟ ಹಿಡಿದ, ಸ್ಟಾಲಿನ್ ಬೆನ್ನಿಗೆ ನಿಂತ. ಎದುರು ನಿಂತ ತಳಿವಿಜ್ಞಾನಿ ನಿಕೊಲಾಯ್ ವಾವಿಲೋವ್ 1940ರಲ್ಲಿ ಜೈಲು ಸೇರಿ 1943ರಲ್ಲಿ ಅಲ್ಲೇ ತೀರಿಕೊಂಡರು. ಆ ಜೈಲು ಇದ್ದದ್ದು ವೋಲ್ಗಾ ದಂಡೆಯ ಸರಾಟೋವ್‌ನಲ್ಲಿ, ಕ್ಯಾಥರೀನ್ ಕರೆಸಿದ ಜರ್ಮನ್ನರ ಸೀಮೆಯಲ್ಲಿ. ಅಮೆರಿಕಕ್ಕೆ ಹೋಗದೆ ಅಲ್ಲೇ ಉಳಿದಿದ್ದ ಜರ್ಮನ್ನರನ್ನು ಅಷ್ಟರಲ್ಲಿ, 1941ರಲ್ಲಿ, ಸೈಬೀರಿಯಾ, ಕಜಾಕಿಸ್ತಾನಗಳಿಗೆ ಸಾಗಿಸಿಯಾಗಿತ್ತು.

ಟರ್ಕಿ ರೆಡ್‌ನ ಪಯಣ ಮಾತ್ರ ಅಮೆರಿಕದಲ್ಲೂ ನಿಲ್ಲಲಿಲ್ಲ. ಜಪಾನಿನವರು ಅದನ್ನು ತಮ್ಮ ಗಿಡ್ಡ ತಳಿ ದರುಮಾದ ವಂಶದ ಜೊತೆ ಸೇರಿಸಿ 1935ರಲ್ಲಿ ನೋರಿನ್-10 ಬಿಡುಗಡೆ ಮಾಡಿದರು. ಗಿಡ್ಡತನ ಬಂದದ್ದು ದರುಮಾದಿಂದ, ಟರ್ಕಿ ರೆಡ್‌ನಿಂದಲ್ಲ. ನೋರಿನ್-10ರ ಬೀಜ ಅಮೆರಿಕದ ಮೂಲಕ ಮೆಕ್ಸಿಕೊದಲ್ಲಿದ್ದ ಗೋಧಿ ತಳಿ ವಿಜ್ಞಾನಿ ನಾರ್ಮನ್ ಬೋರ್ಲಾಗ್ ಕೈಗೆ ಬಂತು. ಅವರು ಅದನ್ನು ಮೆಕ್ಸಿಕೊದ ವಸಂತದ ಗೋಧಿಗಳ ಜೊತೆ ಬೆರೆಸಿ, ಚಳಿಯ ಕೀ ಬೇಡದ ಗಿಡಗಳನ್ನು ಆರಿಸಿಕೊಂಡರು. ವರ್ಷಕ್ಕೆ ಎರಡು ಬೆಳೆ ತೆಗೆಯುತ್ತಿದ್ದರು, ಒಂದು ಸೊನೋರಾದ ಬಯಲಲ್ಲಿ, ಇನ್ನೊಂದು ಟೊಲುಕಾದ ಬೆಟ್ಟದಲ್ಲಿ. ಎರಡೂ ಕಡೆ ಗೆದ್ದ ಗಿಡಗಳಿಗೆ ಹಗಲಿನ ಉದ್ದದ ಹಂಗೂ ಇರಲಿಲ್ಲ. ಅಲ್ಲಿಗೆ ಎರಡೂ ಕೀ ಬೇಡವಾದವು.

1966ರಲ್ಲಿ ಭಾರತ ಮೆಕ್ಸಿಕೊದಿಂದ 18,000 ಟನ್ ಬಿತ್ತನೆ ಬೀಜ ತರಿಸಿದ್ದು ಇದೇ ವಂಶದ್ದು. ಇಳುವರಿ ಜಾಸ್ತಿ, ಆದರೆ ಕಾಳು ಕೆಂಪು, ಚಪಾತಿ ಚೆನ್ನಾಗಿ ಕಾಣಲ್ಲ ಅಂತ ನಮ್ಮವರು ಮೂಗು ಮುರಿದರು. ಆಮೇಲೆ ನಮ್ಮ ವಿಜ್ಞಾನಿಗಳು ಮೆಕ್ಸಿಕೊದ ಸಾಲುಗಳಲ್ಲೇ ಹುಡುಕಿ ಹೊಂಬಣ್ಣದ ಕಲ್ಯಾಣ್ ಸೋನಾ, ಸೋನಾಲಿಕಾ ತೆಗೆದರು, ರೈತರು ಅವನ್ನೇ ಬಿತ್ತಿದರು.