ಫಂಕ್ಷನಲಿಸಂ: ಮಾತಿನ ಕೆಲಸ, ವ್ಯಾಕರಣದ ರೂಪ

"ಪುಸ್ತಕ ಓದಿದೆ" ಅಂದರೆ ಸಾಕು. "ಪುಸ್ತಕವನ್ನು" ಅನ್ನಲೇಬೇಕು ಅಂತೇನಿಲ್ಲ. ಆದರೆ "ನಾನು ರಾಜು ಕರೆದೆ" ಅಂದು ನೋಡಿ, ಕಿವಿಗೆ ಚುಚ್ಚುತ್ತದೆ. "ರಾಜುನ ಕರೆದೆ" ಅನ್ನಲೇಬೇಕು. ಎರಡೂ ಕಡೆ ಇರುವುದು ಕರ್ಮಪದವೇ. ಮತ್ತೆ ಒಂದು ಕಡೆ ಪ್ರತ್ಯಯ ಬಿಡಬಹುದು, ಇನ್ನೊಂದು ಕಡೆ ಬಿಡೋ ಹಾಗಿಲ್ಲ, ಯಾಕೆ?

ಇಂಥ ಪ್ರಶ್ನೆಗೆ ಉತ್ತರ ಹುಡುಕುವ ಒಂದು ದಾರಿಯ ಹೆಸರು ಫಂಕ್ಷನಲಿಸಂ. ಭಾಷೆಯಿಂದ ಜನ ಏನು ಕೆಲಸ ಮಾಡಿಸಿಕೊಳ್ಳುತ್ತಾರೋ ಅದೇ ವ್ಯಾಕರಣಕ್ಕೆ ರೂಪ ಕೊಡುತ್ತದೆ ಅನ್ನುವುದು ಅದರ ವಾದ. 1926ರಲ್ಲಿ ಪ್ರಾಗ್ ನಗರದಲ್ಲಿ ಶುರುವಾದ ಭಾಷಾಶಾಸ್ತ್ರಜ್ಞರ ಗುಂಪು, ಅಂದರೆ ಪ್ರಾಗ್ ಪಂಥದವರು, ಈ ದಾರಿ ಹಿಡಿದರು. ಮುಂದೆ ಎಂ. ಎ. ಕೆ. ಹ್ಯಾಲಿಡೇ ಅಂಥ ಭಾಷಾಶಾಸ್ತ್ರಜ್ಞರು ಅದನ್ನು ತಮ್ಮದೇ ರೀತಿಯಲ್ಲಿ ಬೆಳೆಸಿದರು.

ಈಗ ರಾಜುವಿನ ವಿಷಯಕ್ಕೆ ಬರೋಣ. "-ಅನ್ನು" ಮಾಡುವ ಕೆಲಸ, ಯಾರು ಯಾರಿಗೆ ಏನು ಮಾಡಿದರು ಅನ್ನುವುದನ್ನು ಬಿಡಿಸಿ ಹೇಳುವುದು. ಪುಸ್ತಕ ಯಾರನ್ನೂ ಓದುವುದಿಲ್ಲ, ಹಾಗಾಗಿ ಅಲ್ಲಿ ಗೊಂದಲವೇ ಇಲ್ಲ. "ರವಿ ರಾಜು ಕರೆದ" ಅಂದರೆ ಮಾತ್ರ ಕರೆದವನು ಯಾರು ಅಂತ ಗೊತ್ತಾಗುವುದಿಲ್ಲ. ಮನುಷ್ಯರ ಹೆಸರು ಬಂದಾಗ ಪ್ರತ್ಯಯ ಬೇಕು.

ತಮಾಷೆ ಇರುವುದು ಇಲ್ಲಿ. "ನಾನು ರಾಜು ಕರೆದೆ" ಅನ್ನುವಲ್ಲಿ ಕರೆದವನು ನಾನೇ ಅಂತ "ಕರೆದೆ"ಯಲ್ಲೇ ಗೊತ್ತಾಗುತ್ತದೆ. ಗೊಂದಲ ಇಲ್ಲದಿದ್ದರೂ ಪ್ರತ್ಯಯ ಬೇಕೇ ಬೇಕು. ಅಂದರೆ ಗೊಂದಲ ತಪ್ಪಿಸಲು ಬಂದದ್ದು ರೂಢಿಯಾಗಿ, ರೂಢಿ ನಿಯಮವಾಗಿ ಗಟ್ಟಿಯಾಗಿಬಿಟ್ಟಿದೆ. ಹಾಗಂತ ಮನುಷ್ಯರಿಗೆಲ್ಲ ಇದೇ ನಿಯಮ ಅಂದುಕೊಳ್ಳಬೇಡಿ. "ಹೆಣ್ಣು ನೋಡೋಕೆ ಹೋಗಿದ್ದಾರೆ" ಅಂತೀವಿ, ಅಲ್ವಾ? ಅಲ್ಲಿ ಇಂಥವಳೇ ಅಂತ ಒಬ್ಬಳಿಲ್ಲ, ಮದುವೆ ಮಾತುಕತೆ ಅನ್ನುವ ಕೆಲಸ ಮಾತ್ರ ಇದೆ. ಒಬ್ಬಳನ್ನು ಬೊಟ್ಟು ಮಾಡಿದ ಕೂಡಲೇ ಪ್ರತ್ಯಯ ಹಾಜರು: "ಆ ಹುಡುಗೀನ ನೋಡೋಕೆ ಹೋಗಿದ್ದಾರೆ."

ಕಥೆ ಹೇಳುವ ರೀತಿಗೂ ಇದೇ ಮಾತು. 1975ರಲ್ಲಿ ವ್ಯಾಲೇಸ್ ಚೇಫ್ ಅನ್ನುವ ಭಾಷಾಶಾಸ್ತ್ರಜ್ಞ ಕ್ಯಾಲಿಫೋರ್ನಿಯಾದಲ್ಲಿ ಆರು ನಿಮಿಷದ ಒಂದು ಚಿತ್ರ ಮಾಡಿಸಿದರು. ಸಂಭಾಷಣೆ ಇಲ್ಲ. ಒಬ್ಬ ಪೇರ್ ಹಣ್ಣು ಕೀಳುತ್ತಿರುತ್ತಾನೆ, ಸೈಕಲ್ಲಿನಲ್ಲಿ ಬಂದ ಹುಡುಗ ಒಂದು ಬುಟ್ಟಿ ಹಣ್ಣು ಕದ್ದು ಹೋಗುತ್ತಾನೆ. ಬೇರೆ ಬೇರೆ ಭಾಷೆಯವರಿಗೆ ಇದನ್ನು ತೋರಿಸಿ, ನಡೆದದ್ದನ್ನು ಹೇಳಿಸಿದರು. ಗ್ವಾಟೆಮಾಲಾದ ಸಕಪುಲ್ಟೆಕ್ ಅನ್ನುವ ಮಾಯಾ ಭಾಷೆಯಲ್ಲಿ ಜನ ಹೇಳಿದ್ದನ್ನು ಜಾನ್ ಡು ಬೋಯ್ಸ್ ಬಿಡಿಸಿ ನೋಡಿದರು. ಹೊಸ ಪಾತ್ರವನ್ನು "ಒಬ್ಬ ಹುಡುಗ ಹಣ್ಣು ಕದ್ದ" ಅಂತ ನೇರವಾಗಿ ತರುವವರು ಬಹಳ ಕಡಿಮೆ. ಮೊದಲು "ಒಬ್ಬ ಹುಡುಗ ಬಂದ". ಕದಿಯುವುದು ಆಮೇಲೆ. ಕೇಳುವವರಿಗೆ ಹೊಸಬನ ಪರಿಚಯ, ಅವನು ಮಾಡಿದ ಕೆಲಸ, ಎರಡನ್ನೂ ಒಂದೇ ಉಸಿರಿಗೆ ಕೊಟ್ಟರೆ ಭಾರ ಜಾಸ್ತಿ. ಆ ಭಾಷೆಯಲ್ಲಿ "ಬಂದ", "ಹೋದ" ಅನ್ನುವ ಕ್ರಿಯೆಯ ಕರ್ತೃವಿಗೂ ಕರ್ಮಪದಕ್ಕೂ ಒಂದೇ ಗುರುತು, ಇನ್ನೊಂದರ ಮೇಲೆ ಏನಾದರೂ ಮಾಡುವ ಕರ್ತೃವಿಗೆ ಬೇರೆ ಗುರುತು. ಇಂಥ ವ್ಯಾಕರಣದ ಬೇರು ಈ ಮಾತಿನ ರೂಢಿಯಲ್ಲೇ ಇದೆ ಅಂತ ಡು ಬೋಯ್ಸ್ 1987ರಲ್ಲಿ ವಾದಿಸಿದರು.

ನಮ್ಮ ಅಜ್ಜಿಯರ ಕಥೆ ಶುರುವಾಗುವುದೂ ಹೀಗೇ. "ಒಂದೂರಲ್ಲಿ ಒಬ್ಬ ರಾಜ ಇದ್ದನಂತೆ." ರಾಜ ಸುಮ್ನೆ ಇದ್ದ, ಇನ್ನೂ ಏನೂ ಮಾಡಿಲ್ಲ. "ಒಬ್ಬ ರಾಜ ಹುಲಿ ಕೊಂದ" ಅಂತ ಶುರು ಮಾಡಿದರೆ ಪೇಪರಿನ ಹೆಡ್ಡಿಂಗ್ ಓದಿದ ಹಾಗಾಗುತ್ತದೆ. ಪರಿಚಯ ಆದ ಮೇಲೆ ರಾಜನ ಹೆಸರೂ ಬೇಕಾಗುವುದಿಲ್ಲ: "ಕಾಡಿಗೆ ಹೋಗಿ, ದಾರಿ ತಪ್ಪಿ, ಮರದ ಕೆಳಗೆ ಕೂತ." ಕೊನೆಯ "ಕೂತ" ಒಂದೇ ಎಲ್ಲವನ್ನೂ ಹೊರುತ್ತದೆ. "ಅಂತೆ"ಯ ಕೆಲಸ ಬೇರೆ. ನಾನು ಕಣ್ಣಾರೆ ಕಂಡದ್ದಲ್ಲ, ಕೇಳಿದ್ದು ಅಂತ ಹೇಳಿ ಜವಾಬ್ದಾರಿ ಕಳಚಿಕೊಳ್ಳುವುದು. ಕಥೆಗೂ ಸೈ, ಪಕ್ಕದ ಮನೆಯ ಸುದ್ದಿಗೂ ಸೈ.

ಎಲ್ಲದಕ್ಕೂ ಹೀಗೆ ಕೆಲಸ ತೋರಿಸಬಹುದಾ? ಇಲ್ಲ. ಅಮೆರಿಕದ ಭಾಷಾಶಾಸ್ತ್ರಜ್ಞ ನೋಮ್ ಚಾಮ್ಸ್ಕಿಯ ದಾರಿಯವರು ಈ ವಾದವನ್ನು ಒಪ್ಪುವುದೂ ಇಲ್ಲ, ವ್ಯಾಕರಣಕ್ಕೆ ಅದರದ್ದೇ ಕಟ್ಟು ಇದೆ ಅನ್ನುತ್ತಾರೆ. ನನಗೆ ಫಂಕ್ಷನಲಿಸ್ಟರ ಮಾತೇ ಹೆಚ್ಚು ಹಿಡಿಸುತ್ತದೆ. ಆದರೂ ಇಂಗ್ಲಿಷಿನ "ಶೀ ಈಟ್ಸ್"ನ ಆ "ಸ್" ಈಗ ಏನು ಕೆಲಸ ಮಾಡುತ್ತಿದೆ ಅಂತ ಕೇಳಿದರೆ ಉತ್ತರ ಕಷ್ಟ. ಹಳೆಯ ಇಂಗ್ಲಿಷಿನಲ್ಲಿ ನಾನು, ನೀನು, ಅವನು ಒಂದೊಂದಕ್ಕೂ ಕ್ರಿಯಾಪದದ ಕೊನೆ ಬೇರೆ ಬೇರೆ ಇತ್ತು. ಉಳಿದವು ಸವೆದುಹೋದವು, ಇದೊಂದು ಉಳಿದುಕೊಂಡಿದೆ. ನಾವು "ತಿಂದಳು" ಅಂತ ಮಾತ್ರ ಹೇಳಿ "ಅವಳು" ಬಿಡಬಹುದು. ಅವರು "ಶೀ" ಬಿಡೋ ಹಾಗಿಲ್ಲ, "ಸ್" ಕೂಡ ಬಿಡೋ ಹಾಗಿಲ್ಲ.